ಕರೆಯದೆ ಉಳಿದ ಹೆಸರು

ಕಾಪು,
ಸೋಮವಾರ, 11 ಸೆಪ್ಟೆಂಬರ್ 1989

ಪ್ರೀತಿಯ ಪುತಾ ವಲೇರಿಯನ್,

ಮೊದಲು ನಿನ್ನ ಆರೋಗ್ಯದ ವಿಚಾರ. ಕಳೆದ ಕಾಗದದಲ್ಲಿ ಕೆಮ್ಮು ಎಂದು ಬರೆದಿದ್ದೆ, ಈಗ ಹೇಗಿದೆ? ಬೊಂಬಾಯಿಯ ಲೋಕಲ್ ರೈಲಿನ ಬಾಗಿಲಲ್ಲಿ ನೇತಾಡಿಕೊಂಡು ಬ್ಯಾಂಕಿಗೆ ಹೋಗುವವನಿಗೆ ಕೆಮ್ಮು ಬಾರದೆ ಮತ್ತೆಂತ ಬರುತ್ತದೆ? ಪ್ಯಾಟ್ರಿಶಿಯಾ ಎದ್ದು ಓಡಾಡುತ್ತಿದ್ದಾಳಾ? ಬಾಣಂತಿಯನ್ನು ತಣ್ಣೀರು ಮುಟ್ಟಲು ಬಿಡಬೇಡ, ಬಟ್ಟೆ ನೀನೇ ಒಗೆ, ಕೈ ಸವೆದುಹೋಗುವುದಿಲ್ಲ. ಅವಳ ತಾಯಿ ಅಲ್ಲಿಗೆ ಬಂದು ನಿಂತದ್ದು ಒಳ್ಳೆಯದಾಯಿತು. ಮೆಂತೆ ಗಂಜಿಗೆ ಅವರು ಬೆಲ್ಲ ಕಡಿಮೆ ಹಾಕುತ್ತಾರೆಂದು ಕೇಳಿದ್ದೇನೆ, ನಾನು ಹೇಳಿದೆನೆಂದು ಹೇಳಬೇಡ. ಮಗು ಯಾರ ಹಾಗೆ ಉಂಟು? ಫೋಟೋ ಕಳಿಸುತ್ತೇನೆ ಎಂದು ಬರೆದವನು ಇನ್ನೂ ಕಳಿಸಲಿಲ್ಲ. ಮೂಗು ನಮ್ಮ ಕಡೆಯದ್ದಾದರೆ ಪಾಪ, ಅದಕ್ಕೆ ಯಾರೂ ಏನೂ ಮಾಡುವ ಹಾಗಿಲ್ಲ.

ನಿನ್ನ ಅಪ್ಪನ ಬಲಗಣ್ಣಿನ ಪೊರೆಯನ್ನು ಮಣಿಪಾಲದಲ್ಲಿ ತೆಗೆದರು. ದೇವರು ದೊಡ್ಡವನು, ಎಲ್ಲ ಸರಿಯಾಗಿ ಆಯಿತು. ಈಗ ಮನೆಗೆ ಬಂದಿದ್ದಾರೆ. ಬಲಗಣ್ಣಿಗೆ ಪಟ್ಟಿ, ಎಡಗಣ್ಣು ಮೊದಲೇ ಮಬ್ಬು. ಅಷ್ಟು ವರ್ಷ ಉಡುಪಿಯಿಂದ ಕಾರ್ಕಳಕ್ಕೆ, ಕಾರ್ಕಳದಿಂದ ಬಜಗೋಳಿಗೆ ಬಸ್ಸು ಓಡಿಸಿದ ಮನುಷ್ಯನಿಗೆ ಈಗ ನಮ್ಮ ಅಂಗಳದ ಬಾವಿಕಟ್ಟೆ ಎಲ್ಲುಂಟೆಂದು ನಾನು ಕೈಹಿಡಿದು ತೋರಿಸಬೇಕು. ಅದರ ಸಿಟ್ಟೆಲ್ಲ ನನ್ನ ಮೇಲೆ. ಆಗ ಬೈಸಿಕೊಳ್ಳುವುದಕ್ಕೆ ಕಂಡಕ್ಟರನಿದ್ದ, ಈಗ ಆ ಕೆಲಸವೂ ನನಗೇ ಬಂದಿದೆ. ನೀನು ಗಾಬರಿಯಾಗಬೇಡ, ಬೈಯುವಷ್ಟು ಶಕ್ತಿ ಉಂಟು ಎಂದರೆ ಆರೋಗ್ಯ ಚೆನ್ನಾಗಿದೆ ಎಂದೇ ಅರ್ಥ. ಮಾತೆ ಮರಿಯಮ್ಮನ ಮೊಂತಿ ಹಬ್ಬ ಶುಕ್ರವಾರ ಕಳೆಯಿತು. ಇಗರ್ಜಿಯಲ್ಲಿ ಮಕ್ಕಳು ಮಾತೆಗೆ ಹೂ ಹಾಕುವಾಗ ಮುಂದಿನ ವರ್ಷಗಳಲ್ಲಿ ನಿನ್ನ ಮಗನೂ ಆ ಸಾಲಿನಲ್ಲಿ ನಿಲ್ಲಲಿ ಎಂದು ಬೇಡಿಕೊಂಡೆ. ಪಾದ್ರಿಗಳು ಆಶೀರ್ವದಿಸಿ ಕೊಟ್ಟ ಹೊಸ ತೆನೆಯ ಕೆಲವು ಕಾಳುಗಳನ್ನು ಪೊಟ್ಟಣ ಕಟ್ಟಿ ಇದರೊಳಗೆ ಇಟ್ಟಿದ್ದೇನೆ. ಸಿಪ್ಪೆ ತೆಗೆದು ಹಾಲಿಗೆ ಹಾಕಿ ಎಲ್ಲರೂ ಕುಡಿಯಿರಿ, ಮಗುವಿನ ತುಟಿಗೆ ಒಂದು ಹನಿ ಮುಟ್ಟಿಸಿದರೆ ಸಾಕು.

ಇನ್ನು ನೀನು ಕೇಳಿದ ಪ್ರಶ್ನೆ. ಈ ತಿಂಗಳ ಕೊನೆಯ ಆದಿತ್ಯವಾರ ಮಗುವಿಗೆ ಬಾಪ್ತಿಸ್ಮ, ಅಲ್ಲಿಯ ಇಗರ್ಜಿಯವರು ಹೆಸರು ಕೇಳುತ್ತಿದ್ದಾರೆ, ಅಪ್ಪ ಒಂದು ಹೆಸರು ಹೇಳಿದ್ದಾರೆ, ಮಾಂಯ್, ನಿನ್ನ ಮನಸ್ಸಿನಲ್ಲಿ ಎಂತ ಉಂಟು ಎಂದು ಕೇಳಿದ್ದೆ. ಪುತಾ, ನಾನು ಈ ಮನೆಗೆ ಸೊಸೆಯಾಗಿ ಬಂದ ಮೇಲೆ ಹೀಗೆ ಕೇಳಿದವನು ನೀನೊಬ್ಬನೇ. ಆದರೆ ಮೊದಲು ನಿನ್ನ ಅಪ್ಪನ ಮಾತನ್ನು ಬರೆಯುತ್ತೇನೆ, ಯಾಕೆಂದರೆ ಅವರು ಪಕ್ಕದಲ್ಲೇ ಈಸಿಚೇರಿನಲ್ಲಿ ಕುಳಿತು, ಬರೆದೆಯಾ, ಬರೆದೆಯಾ ಎಂದು ಕೇಳುತ್ತಿದ್ದಾರೆ. ಮನೆಯಲ್ಲಿ ಆಡುವುದು, ಜಗಳವಾಡುವುದು ಕೊಂಕಣಿಯಲ್ಲಿ, ನನಗೆ ಬರೆಯಲಿಕ್ಕೆ ಬರುವುದು ಶಾಲೆಯಲ್ಲಿ ಕಲಿತ ಕನ್ನಡದಲ್ಲಿ. ಹಾಗಾಗಿ ಅವರ ಮಾತು ನನ್ನ ಕೈಯಲ್ಲಿ ಸ್ವಲ್ಪ ಮೆತ್ತಗಾಗಿರುತ್ತದೆ. ನೀನು ಓದುವಾಗ ಸ್ವರ ಏರಿಸಿಕೋ.

ಅವರು ಹೇಳುವುದು ಇದು. ಎಪ್ಪತ್ತೊಂದರ ಯುದ್ಧದಲ್ಲಿ ನಿನ್ನ ಅಣ್ಣನಿದ್ದ ಖುಕ್ರಿ ಹಡಗು ಮುಳುಗಿತು. ಕಳೆದ ತಿಂಗಳು ಬೊಂಬಾಯಿಯಲ್ಲಿ ಹೊಸ ಹಡಗೊಂದು ನೌಕಾಪಡೆಗೆ ಸೇರಿತು, ಅದಕ್ಕೂ ಖುಕ್ರಿ ಎಂದೇ ಹೆಸರಿಟ್ಟರು. ಪಕ್ಕದ ಮನೆಯ ಆಯಿಶಮ್ಮನ ಮಗ ದುಬಾಯಿಯಿಂದ ತಂದ ರೇಡಿಯೋದಲ್ಲಿ ವಾರ್ತೆ ಕೇಳುತ್ತಿದ್ದಾಗ ಆ ಹೆಸರು ಬಂತು. ನಿನ್ನ ಅಪ್ಪ ಕುಳಿತಲ್ಲಿಂದ ಎದ್ದು ಚಪ್ಪಲಿ ಹುಡುಕಿದರು. ಎಲ್ಲಿಗೆ ಹೊರಟಿರಿ ಎಂದು ಕೇಳಿದರೆ ಅವರಿಗೇ ಗೊತ್ತಿಲ್ಲ. ಮರುದಿನ ಲೈಟ್‌ಹೌಸಿನ ಹತ್ತಿರದ ಶೇಖರ, ನೌಕಾಪಡೆಯಲ್ಲಿದ್ದು ರಿಟೈರ್ ಆದವನು, ಬಂದು ಎಲ್ಲ ವಿವರಿಸಿದ. ಅವರಲ್ಲಿ ಒಳ್ಳೆಯ ಹೆಸರನ್ನು ಬಿಟ್ಟುಬಿಡುವುದಿಲ್ಲವಂತೆ. ಹಳೆಯ ಗೋದಾವರಿ ಹೋಯಿತು, ಹೊಸ ಗೋದಾವರಿ ಬಂತು. ಹಳೆಯ ಗಂಗಾ ಹೋಯಿತು, ಹೊಸ ಗಂಗಾ ಬಂತು. ಹೊಸ ಹಡಗಿಗೆ ಏರುವ ಹುಡುಗರಿಗೆ ಹಳೆಯ ಹಡಗಿನ ಕಥೆ ಹೇಳುತ್ತಾರಂತೆ, ತಮ್ಮ ಅಜ್ಜನ ಕಥೆ ಎನ್ನುವ ಹಾಗೆ. ಖುಕ್ರಿ ಎಂದರೆ ಗೂರ್ಖರ ಕತ್ತಿಯಂತೆ. ನಮ್ಮ ಊರಿನವರಾದರೆ ಮೀನು ಕೊಯ್ಯುವ ಮೆಟ್ಟುಕತ್ತಿ ಎಂದು ಇಡುತ್ತಿದ್ದರೋ ಏನೋ ಎಂದು ನಾನು ಹೇಳಿದೆ, ಶೇಖರ ನಕ್ಕ, ನಿನ್ನ ಅಪ್ಪ ನಗಲಿಲ್ಲ. ಅಂದಿನಿಂದ ಹಿಡಿದ ಹಟ ಇದು. ಹಡಗಿಗೆ ಎರಡನೆಯ ಜನ್ಮ ಕೊಟ್ಟರು ಎನ್ನುತ್ತಾರೆ. ಇಗರ್ಜಿಗೆ ಹೋಗುವವರು ಎರಡನೆಯ ಜನ್ಮದ ಮಾತಾಡಬಾರದು ಎಂದು ನಾನು ನೆನಪಿಸಬೇಕಾಯಿತು. ಅವರ ಮಾತನ್ನು ಇದ್ದ ಹಾಗೆ ಬರೆಯುತ್ತೇನೆ: "ಮುಳುಗಿದ ಹಡಗಿನ ಹೆಸರನ್ನು ಸರಕಾರ ಬಿಡಲಿಲ್ಲ. ನಮ್ಮ ಹುಡುಗನ ಹೆಸರನ್ನು ನಾವು ಯಾಕೆ ಬಿಡಬೇಕು?"

ನಮ್ಮ ಕ್ರಮ ನಿನಗೆ ಗೊತ್ತುಂಟು. ಮೊದಲ ಗಂಡುಮಗುವಿಗೆ ಅಪ್ಪನ ಅಪ್ಪನ ಹೆಸರು, ಎರಡನೆಯದಕ್ಕೆ ತಾಯಿಯ ಅಪ್ಪನ ಹೆಸರು. ಆ ಲೆಕ್ಕದಲ್ಲಿ ನಿನ್ನ ಮಗನಿಗೆ ನಿನ್ನ ಅಪ್ಪನ ಹೆಸರೇ ಬರಬೇಕು, ಇಮ್ಯಾನುಯೆಲ್ ಎಂದು. ಅದು ಅವರ ಸರದಿ. ಯಾವ ಅಜ್ಜನೂ ಅದನ್ನು ಬಿಟ್ಟುಕೊಡುವುದಿಲ್ಲ, ಎಷ್ಟೋ ಮನೆಗಳಲ್ಲಿ ಇದಕ್ಕಾಗಿ ಮಾತುಕತೆ ನಿಂತುಹೋದದ್ದುಂಟು. ಇವರು ಬಿಟ್ಟುಕೊಟ್ಟಿದ್ದಾರೆ. ನನ್ನ ಹೆಸರು ಬೇಡ, ದೊಡ್ಡ ಮಗನ ಹೆಸರಿಡಲಿ ಎಂದಿದ್ದಾರೆ. ಅದನ್ನು ಹೇಳುವಾಗ ಅವರ ಸ್ವರ ಹೇಗಿತ್ತೆಂದು ಬರೆಯಲು ನನಗೆ ಬರುವುದಿಲ್ಲ. ಇಲ್ಲಿಗೆ ಅವರ ಮಾತು ಮುಗಿಯಿತು. ಊಟ ಮಾಡಿ ಈಗ ಮಲಗಿದ್ದಾರೆ. ಇನ್ನು ಬರೆಯುವುದು ನನ್ನದು.

ನೀನು ಎಂದಾದರೂ ಗಮನಿಸಿದ್ದೀಯಾ, ನಾನು ನಿನ್ನ ಅಣ್ಣನನ್ನು ಹೆಸರು ಹಿಡಿದು ಕರೆದವಳೇ ಅಲ್ಲ. ಬರೆಯಲು ಅಡ್ಡಿಯಿಲ್ಲ, ಇಗೋ ಬರೆಯುತ್ತೇನೆ: ಲೂಯಿಸ್. ಬಾಯಲ್ಲಿ ಬರುವುದಿಲ್ಲ. ಅದು ನನ್ನ ಮಾವನ ಹೆಸರು. ಗಂಡನ ಹೆಸರು, ಮಾವನ ಹೆಸರು ಹೇಳಬಾರದು ಎಂದು ನನ್ನ ತಾಯಿ ಕಲಿಸಿ ಕಳಿಸಿದ್ದಳು. ಮಾವ ಬ್ರಿಟಿಷರ ಹಡಗಿನಲ್ಲಿ ಬಟ್ಲರ್ ಆಗಿದ್ದವರು, ಮನೆಗೆ ಬಂದ ಮೇಲೂ ಹಡಗಿನ ಕಪ್ತಾನನ ಹಾಗೆಯೇ ಜಗಲಿಯಲ್ಲಿ ಕುಳಿತಿರುತ್ತಿದ್ದರು. ನಿನ್ನ ಅಣ್ಣ ಸಣ್ಣವನಿರುವಾಗ ಯಾರೋ ಅಂಗಳದಲ್ಲಿ ಅವನ ಹೆಸರು ಹಿಡಿದು ಗದರಿದರೆ, "ಯಾರಿಗೆ ಬೈಯುವುದು?" ಎಂದು ಜಗಲಿಯಿಂದ ಸ್ವರ ಬರುತ್ತಿತ್ತು. ಆ ಮೇಲೆ ಯಾರಿಗೆ ಧೈರ್ಯ? ನಾನು ಅವನನ್ನು ಬಾಬು ಎಂದೆ, ಪುತ ಎಂದೆ, ಸಿಟ್ಟು ಬಂದರೆ ಏಯ್ ಎಂದೆ. ಅವನು ಶಾಲೆಗೆ ಹೋದ, ಮೀಸೆ ಬಂತು, ನೌಕಾಪಡೆ ಸೇರಿದ, ರಜೆಯಲ್ಲಿ ಬಿಳಿ ಬಟ್ಟೆ ಹಾಕಿಕೊಂಡು ಬಂದ, ಆಗಲೂ ನನಗೆ ಅವನು ಬಾಬು. ಅವನಿಗೆ ಕಾಗದ ಬರೆಯುವುದು ನಾನು, ಲಕೋಟೆಯ ಮೇಲೆ ಇಂಗ್ಲಿಷಿನಲ್ಲಿ ಹೆಸರು ಬರೆಯುವುದು ನಿನ್ನ ಅಪ್ಪ. ನಿನಗಿಟ್ಟದ್ದು ನನ್ನ ಅಪ್ಪನ ಹೆಸರು, ಅದನ್ನು ಕರೆಯಲು ನನಗೆ ಯಾರ ಅಡ್ಡಿಯೂ ಇರಲಿಲ್ಲ. ಬೈಗುಳ ನಿನಗೇ ಹೆಚ್ಚು ಬಿದ್ದದ್ದು ಅದರಿಂದಲೇ. ವಲೇರಿಯನ್ ಎಂದು ನಾನು ಕೂಗಿದರೆ ಕಡಲ ಬದಿಯ ದೋಣಿಯವರಿಗೂ ಕೇಳುತ್ತಿತ್ತು.

ಇನ್ನು ಆ ಟೆಲಿಗ್ರಾಂ. ನೀನು ಆಗ ಶಾಲೆಗೆ ಹೋಗುವ ಹುಡುಗ, ನಿನಗೆ ಎಷ್ಟು ನೆನಪುಂಟೋ ತಿಳಿಯದು. ಯುದ್ಧ ನಡೆಯುತ್ತಿತ್ತು. ಅವನು ಬೊಂಬಾಯಿಯ ಹಡಗೊಂದರಲ್ಲಿ ಇದ್ದಾನೆಂದು ಮಾತ್ರ ನನಗೆ ಗೊತ್ತು, ಯಾವ ಹಡಗು ಎಂದು ಗೊತ್ತಿಲ್ಲ, ಹೇಳಿದ್ದರೂ ತಲೆಯಲ್ಲಿ ನಿಲ್ಲುತ್ತಿರಲಿಲ್ಲ. ಮನೆಯಲ್ಲಿ ಆಗ ರೇಡಿಯೋ ಇಲ್ಲ. ನಿನ್ನ ಅಪ್ಪನ ಬಸ್ಸು ಆ ದಿನ ಬಜಗೋಳಿಯಲ್ಲಿ ಹಾಲ್ಟ್. ನಾನೂ ಆಯಿಶಮ್ಮನೂ ಅಂಗಳದಲ್ಲಿ ಕ್ರಿಸ್ಮಸಿನ ತಿಂಡಿಗೆಂದು ಅಕ್ಕಿ ಒಣಗಿಸುತ್ತಿದ್ದೆವು. ನಮ್ಮ ಖಾಯಂ ಅಂಚೆಯವನು ರಜೆಯಲ್ಲಿದ್ದ, ಬದಲಿಗೆ ಬಂದವನು ಊರಿಗೆ ಹೊಸಬ. ಖಾಕಿ ಬಟ್ಟೆ ಕಂಡದ್ದೇ ನಾನು ಅಕ್ಕಿ ಬಿಟ್ಟು ಎದ್ದು ನಿಂತೆ. ಅವನು, ಬಾಯಮ್ಮಾ, ಟೆಲಿಗ್ರಾಂ ಉಂಟು, ಲೂಯಿಸ್ ಎಂಬವರು ಕಾಣೆಯಾಗಿದ್ದಾರಂತೆ ಎಂದ.

ಪುತಾ, ನನಗೆ ಎಷ್ಟು ಸಮಾಧಾನವಾಯಿತು ಎಂದರೆ ಅಲ್ಲೇ ಚಾಪೆಯ ಮೇಲೆ ಕುಳಿತೆ. ಮಾವನ ಹೆಸರಿಗೆ ಬಂದದ್ದು ಎಂದುಕೊಂಡೆ. ಮಾವ ತೀರಿಹೋದ ಮೇಲೂ ಪೆನ್ಶನಿನ ವಿಷಯದಲ್ಲಿ ಅವರ ಹೆಸರಿಗೆ ಸರಕಾರದ ಕಾಗದಗಳು ಬರುತ್ತಲೇ ಇದ್ದವಲ್ಲ, ಇದೂ ಅಂಥದ್ದೇ ಒಂದು ಅವಾಂತರ ಎಂದು ಮನಸ್ಸು ಹೇಳಿತು. ಈ ಮನೆಯಲ್ಲಿ ಆ ಹೆಸರಿನವರೆಂದರೆ ನನಗೆ ಮಾವ ಒಬ್ಬರೇ. ನಾನು ಜೋರಾಗಿ ನಕ್ಕೆ. "ಕಾಣೆಯೆಂತ ಮಾರಾಯ, ಅವರು ಇಗರ್ಜಿಯ ಹಿಂದೆ ಮಲಗಿ ಎಷ್ಟೋ ವರ್ಷವಾಯ್ತು. ಸರಕಾರಕ್ಕೆ ಈಗ ಗೊತ್ತಾದದ್ದಾ?" ಎಂದೆ. ಅವನೂ ನಕ್ಕ. ಹಾಗಾದರೆ ವಾಪಸ್ ತೆಗೆದುಕೊಂಡು ಹೋಗಿ ಕೇಳುತ್ತೇನೆ ಎಂದು ಸೈಕಲ್ ತಿರುಗಿಸಿದ. ನಾನೇ ತಿರುಗಿಸಿ ಕಳಿಸಿದೆ. ಅಷ್ಟಕ್ಕೇ ಸುಮ್ಮನಿದ್ದೆನಾ? ಇಲ್ಲ. ಬಾವಿಕಟ್ಟೆಯಲ್ಲಿ ಹೇಳಿದೆ, ಮೀನಿನವಳಿಗೆ ಹೇಳಿದೆ, ಅಂಗಡಿಯಲ್ಲಿ ಹೇಳಿದೆ, ಮಾವನ ನಡಿಗೆಯನ್ನು ನಡೆದು ತೋರಿಸಿ ಕೇರಿಯನ್ನೆಲ್ಲ ನಗಿಸಿದೆ. ಊಟಕ್ಕೆ ಕುಳಿತಾಗ ನೀನು, ಅಜ್ಜ ಕಾಣೆಯಾಗಿದ್ದಾರೆ ಎಂದು ಹೇಳಿ ಹೇಳಿ ನಗುತ್ತಿದ್ದೆ, ಅನ್ನ ನೆತ್ತಿಗೆ ಹತ್ತಿತು, ನಾನು ಬೆನ್ನು ತಟ್ಟಿದೆ.

ಮರುದಿನ ಅದೇ ಮನುಷ್ಯ ಅದೇ ಟೆಲಿಗ್ರಾಂ ಹಿಡಿದು ಬಂದ, ಸೈಕಲನ್ನು ಗೇಟಿನ ಹೊರಗೇ ನಿಲ್ಲಿಸಿದ. ಅಷ್ಟರಲ್ಲಿ ನಿನ್ನ ಅಪ್ಪ ಬಂದಿದ್ದರು. ಆಮೇಲಿನದು ನಿನಗೆ ನೆನಪಿರಬಹುದು, ಬರೆಯುವುದಿಲ್ಲ. ನಾನು ನಗಿಸಿದ ಆ ಜನರೇ ಒಬ್ಬೊಬ್ಬರಾಗಿ ಅಂಗಳಕ್ಕೆ ಬಂದು ತಲೆ ತಗ್ಗಿಸಿ ನಿಂತರು. ಆ ನಗುವಿನ ವಿಷಯ ಇಂದಿಗೂ ಯಾರೂ ಎತ್ತಲಿಲ್ಲ, ನಿನ್ನ ಅಪ್ಪನ ಕಿವಿಗೂ ಬಿದ್ದಿರಬೇಕು, ಅವರೂ ಕೇಳಲಿಲ್ಲ. ಆಯಿಶಮ್ಮ ಮಾತ್ರ ಒಮ್ಮೆ, "ನಿಮ್ಮ ಮನೆಯಲ್ಲಿ ಅವನು ಒಂದು ದಿನ ಹೆಚ್ಚು ಬದುಕಿದ ಅಂತ ತಿಳ್ಕೊಳ್ಳಿ ಬಾಯಮ್ಮ" ಎಂದಳು. ಒಳ್ಳೆಯ ಮನಸ್ಸಿನಿಂದಲೇ ಹೇಳಿದ್ದು. ನನಗೆ ಅದರಿಂದ ಸಮಾಧಾನ ಸಿಗಲಿಲ್ಲ. ಒಮ್ಮೆಯಾದರೂ ನಾನು ಅವನನ್ನು ಆ ಹೆಸರಿನಿಂದ ಕರೆದಿದ್ದರೆ, ಅಂಗಳದಲ್ಲಿ ಆ ಹೆಸರು ಕೇಳಿದಾಗ ಎದೆ ಅವನ ಕಡೆಗೆ ಓಡುತ್ತಿತ್ತು, ಗೋರಿಯ ಕಡೆಗಲ್ಲ. ಸ್ವಂತ ಮಗನ ಹೆಸರು ಕೇಳಿ ಗುರುತು ಸಿಗದ ತಾಯಿ ಈ ಊರಿನಲ್ಲಿ ನಾನೊಬ್ಬಳೇ ಇರಬೇಕು.

ಪ್ರತಿ ವರ್ಷ ಸತ್ತವರ ಹಬ್ಬದ ದಿನ ಇಗರ್ಜಿಯಲ್ಲಿ ಹೆಸರುಗಳನ್ನು ಓದುತ್ತಾರಲ್ಲ. ನಾವು ಕೊಡುವ ಚೀಟಿಯಲ್ಲಿ ಮಾವನದ್ದು, ನಿನ್ನ ಅಣ್ಣನದ್ದು ಒಂದರ ಕೆಳಗೆ ಒಂದು. ಲೂಯಿಸ್ ಡೇಸಾ, ಲೂಯಿಸ್ ಡೇಸಾ. ಹೋದ ವರ್ಷ ಬಂದ ಹೊಸ ಪಾದ್ರಿಗಳು ಕೈತಪ್ಪಿ ಎರಡು ಸಾರಿ ಬರೆದಿದ್ದಾರೆ ಎಂದು ತಿಳಿದು ಒಂದೇ ಸಾರಿ ಓದಿದರು. ಅವರದ್ದೇನೂ ತಪ್ಪಿಲ್ಲ, ಹೇಳಿದ ಮೇಲೆ ಮನೆಗೇ ಬಂದು ಕ್ಷಮೆ ಕೇಳಿದರು. ಆದರೆ ಓದಿದ್ದು ಯಾರನ್ನು, ಬಿಟ್ಟದ್ದು ಯಾರನ್ನು? ಮಾವನಿಗೆ ಗೋರಿಯಾದರೂ ಉಂಟು, ಕಲ್ಲಿನ ಮೇಲೆ ಹೆಸರಾದರೂ ಉಂಟು. ನನ್ನ ಮಗನಿಗೆ ಇಲ್ಲಿ ಆರಡಿ ಮಣ್ಣೂ ಇಲ್ಲ, ಇದ್ದದ್ದು ವರ್ಷಕ್ಕೊಮ್ಮೆ ಓದುವ ಆ ಹೆಸರು. ಈಗ ಮೂರನೆಯವನಿಗೆ ಅದನ್ನೇ ಇಟ್ಟರೆ ಹೇಗೆ ಎಂದು ಯೋಚಿಸುತ್ತೇನೆ. ಹಡಗಾದರೆ ಸರಿ, ಹಡಗನ್ನು ಯಾರೂ ಊಟಕ್ಕೆ ಕರೆಯುವುದಿಲ್ಲ, ಜ್ವರ ಬಂದರೆ ಹಣೆ ಮುಟ್ಟಿ ಹೆಸರು ಹಿಡಿದು ಎಬ್ಬಿಸುವುದಿಲ್ಲ. ಮಗುವಿನ ಹೆ‍ಸರು ಇರುವುದು ಕರೆಯಲಿಕ್ಕೆ, ಅಲ್ವಾ? ಈ ಮಗುವನ್ನೂ ನಾನು ಬಾಬು ಎಂದೇ ಕರೆಯಬೇಕಾ?

ಹಾಗೆಂದು ಬೇಡ ಎನ್ನಲೂ ನನಗೆ ಮನಸ್ಸು ಬರುವುದಿಲ್ಲ. ನಿನ್ನ ಅಪ್ಪನ ಮುಖ ನೋಡಿದರೆ ನಿನಗೂ ಬರುವುದಿಲ್ಲ. ರೇಡಿಯೋದಲ್ಲಿ ಆ ವಾರ್ತೆ ಬಂದ ಮೇಲೆ ಅವರು ಅವನ ಬಗ್ಗೆ ಮಾತಾಡಲು ಸುರುಮಾಡಿದ್ದಾರೆ. ಇಷ್ಟು ವರ್ಷ ಬಾಯಿಗೆ ಬೀಗ ಹಾಕಿಕೊಂಡಿದ್ದ ಮನುಷ್ಯ, ಈಗ ಅವನು ಸ್ಟೇರಿಂಗ್ ಹಿಡಿಯಲು ಹಟ ಮಾಡುತ್ತಿದ್ದದ್ದು, ಕಾರ್ಕಳದ ಸ್ಟ್ಯಾಂಡಿನಲ್ಲಿ ಕಳೆದುಹೋಗಿ ಬೇರೆ ಬಸ್ಸಿನಲ್ಲಿ ನಿದ್ದೆ ಮಾಡುತ್ತಿದ್ದದ್ದು, ಎಲ್ಲ ಹೇಳುತ್ತಾರೆ. ಆ ಹೆಸರಿನ ಮಗುವೊಂದು ಈ ಅಂಗಳದಲ್ಲಿ ಓಡಾಡಿದರೆ ಅವರ ಕೊನೆಗಾಲ ಸ್ವಲ್ಪ ಹಗುರವಾದೀತು. ನನಗೆ ಭಾರವಾದೀತು. ಎರಡನ್ನೂ ಬರೆದಿದ್ದೇನೆ. ಒಬ್ಬರ ಬಾಯಿ ಕಟ್ಟಬೇಕು, ಇಲ್ಲವೇ ಒಬ್ಬರ ಮನಸ್ಸು ಮುರಿಯಬೇಕು, ಇದರಲ್ಲಿ ನಾನು ತೀರ್ಪು ಹೇಳಲಾರೆ. ನೀನೂ ಪ್ಯಾಟ್ರಿಶಿಯಾಳೂ ಯೋಚಿಸಿ. ನೀವು ಏನು ಮಾಡಿದರೂ ನಾನು ಮುಖ ಊದಿಸಿಕೊಳ್ಳುವುದಿಲ್ಲ, ಊದಿಸಿಕೊಂಡರೂ ಎರಡು ದಿನ.

ಪ್ಯಾಟ್ರಿಶಿಯಾಳ ತಾಯಿಗೆ ನಮ್ಮ ನಮಸ್ಕಾರ ತಿಳಿಸು, ಬೆಲ್ಲದ ವಿಷಯ ಬಿಟ್ಟು. ಆಯಿಶಮ್ಮ ಮಗುವಿಗೆ ದೃಷ್ಟಿ ತೆಗೆಯಲು ಹೇಳಿದ್ದಾಳೆ. ಮಾತೆ ಮರಿಯಮ್ಮ ನಿಮ್ಮ ಮೂವರನ್ನೂ ಸೆರಗಿನೊಳಗೆ ಇಟ್ಟುಕೊಳ್ಳಲಿ. ಮಗುವಿನ ಎರಡೂ ಪಾದಗಳಿಗೆ ನನ್ನ ಮುತ್ತು.

ಇತಿ, ನಿನ್ನ ಮಾಂಯ್,
ಬೆನೆಡಿಕ್ಟಾ

ಮತ್ತೆ ಬರೆದದ್ದು: ಅಂಚೆ ತೆಗೆಯುವ ಹೊತ್ತಾಯಿತು, ಅಕ್ಷರ ಸರಿಯಿಲ್ಲ, ಸುಧಾರಿಸಿಕೊಂಡು ಓದು. ಲಕೋಟೆ ಅಂಟಿಸುವ ಮೊದಲು ನಿನ್ನ ಅಪ್ಪ ಎದ್ದರು, ಬರೆದದ್ದನ್ನು ಓದು ಎಂದರು. ಅವರ ಭಾಗ ಮಾತ್ರ ಓದಿ ಮುಗಿಸಿದೆ. ಹಾಳೆಗಳ ಸದ್ದು ಕೇಳಿ, ಇನ್ನೂ ಉಂಟಲ್ಲ ಎಂದರು. ಎಲ್ಲ ಓದಿದೆ, ನಕ್ಕದ್ದನ್ನೂ ಓದಿದೆ. ನಿನ್ನ ಅಣ್ಣನ ಹೆಸರು ಬಂದಲ್ಲಿ, ಆ ಹೆಸರು ಎಂದು ಹೇಳಿ ದಾಟಿಸಿದೆ. "ಅಲ್ಲಿ ಎಂತ ಬರೆದಿದ್ದೀಯೋ ಅದನ್ನೇ ಓದು. ನನ್ನ ಅಪ್ಪ ಈಗ ಜಗಲಿಯಲ್ಲಿ ಇಲ್ಲ" ಎಂದರು. ಓದಿದೆ ಪುತಾ. ಲೂಯಿಸ್ ಎಂದೆ. ಮಾವನ ಮುಖ ಬರಲಿಲ್ಲ, ಅವನ ಮುಖವೇ ಬಂತು. ಇನ್ನೊಮ್ಮೆ ಹೇಳು ಎಂದರು, ಇನ್ನೊಮ್ಮೆ ಹೇಳಿದೆ. ಕಣ್ಣೀರು ಹಾಕಬಾರದೆಂದು ಮಣಿಪಾಲದ ಡಾಕ್ಟರು ಹೇಳಿದ್ದರು, ಪಟ್ಟಿಯೆಲ್ಲ ಒದ್ದೆಯಾಗಿದೆ, ನಾಳೆ ಕರೆದುಕೊಂಡು ಹೋಗಿ ಬೈಸಿಕೊಂಡು ಬರುತ್ತೇನೆ. ಆಮೇಲೆ ಅವರು ಹೇಳಿದ್ದು: "ಹಡಗಿನವರು ಏನು ಬೇಕಾದರೂ ಮಾಡಲಿ. ಇದು ಅವನ ಹೆಸರು. ಮಗುವಿಗೆ ಬೇಡ ಅಂತ ಬರೆ." ತನ್ನದೂ ಬೇಡವಂತೆ. ನೀವಿಬ್ಬರೂ ಕೂತು ಒಂದು ಹೆಸರು ಹುಡುಕಿ, ಈ ಮನೆಯಲ್ಲಿ ಯಾರಿಗೂ ಇರದಿದ್ದದ್ದು. ಬಾಪ್ತಿಸ್ಮದವರೆಗೆ ಕಾಯಬೇಡ, ನಿಶ್ಚಯವಾದ ದಿನವೇ ಬರೆ. ಮಗು ಇಲ್ಲಿಗೆ ಬರುವ ಮೊದಲೇ ನಾನು ಆ ಹೆಸರನ್ನು ಕರೆದು ಕರೆದು ಬಾಯಿಗೆ ರೂಢಿ ಮಾಡಿಕೊಳ್ಳಬೇಕು.